ಹದಿಮೂರನೆಯ ದಿನದ ಅಡಿಕೆ

ಇರುವೆಯೊಂದು ನೋಂದಣಿ ಕಚೇರಿಯ ನೋಟೀಸು ಬೋರ್ಡಿನ ಗಾಜಿನೊಳಗೆ ಹೇಗೆ ಹೊಕ್ಕಿತೋ, ಮಗಳ ಫೋಟೊದ ಹಣೆಯ ಮೇಲೆ ಹರಿದು ಪಕ್ಕದ ಹುಡುಗನ ಫೋಟೊಕ್ಕೆ ದಾಟುತ್ತಿದೆ, ಅದಕ್ಕೆ ಯಾರ ತಕರಾರೂ ಇಲ್ಲ, ಎಂದುಕೊಂಡಳು ಹೀರಾಬಾಯಿ — ವಿಜಯಶ್ರೀ, ಇಪ್ಪತ್ತಮೂರು, ಇಲ್ಲಿನ ಆಸ್ಪತ್ರೆಯಲ್ಲಿ ನರ್ಸು. ಮಹಮ್ಮದ, ಇಪ್ಪತ್ತೇಳು, ಅದೇ ಆಸ್ಪತ್ರೆಯಲ್ಲಿ ಔಷಧ ಕೊಡುವವನು. ಇಬ್ಬರೂ ಮದುವೆಯಾಗಲಿದ್ದಾರೆ, ತಕರಾರಿದ್ದವರು ಮೂವತ್ತು ದಿನದೊಳಗೆ ತಿಳಿಸತಕ್ಕದ್ದು — ಮೂವತ್ತನೆಯ ದಿನ ಇವತ್ತೇ, ಅದಕ್ಕೇ ಅಂದೋಲಾದಿಂದ ಮೊದಲ ಬಸ್ಸು ಹಿಡಿದು ಆಳಂದಕ್ಕೆ ಬಂದದ್ದು, ಎಂದಿನಂತೆ ಬಸವಣ್ಣನ ಫೋಟೊಕ್ಕೆ ಕೈಮುಗಿದೇ ಹೊರಟ ಗಂಡ ದೌಲತರಾಯ ದಾರಿಯುದ್ದಕ್ಕೂ ಒಂದೇ ಸುಳ್ಳನ್ನು ಪಾಠ ಮಾಡಿಸಿದ್ದ, ಸಾಹೇಬ್ರು ಕೇಳಿದ್ರ ಹೌದ್ರಿ ಅನ್ನು, ನಿನ್ನ ತಮ್ಮ ಶಿವಪ್ರಕಾಶನ ಜೋಡಿ ಈಕಿ ಲಗ್ನ ಮೊದಲೇ ಆಗ್ಯಾದ ಅನ್ನು, ಮುಂದಿಂದು ನಾ ನೋಡ್ಕೋತೇನಿ. ಆಗಿಲ್ಲ. ಅವಳಿಗೆ ಗೊತ್ತು, ಗಂಡನಿಗೆ ಗೊತ್ತು, ಹೆಣ್ಣು ಸಿಗದೆ ಮೂವತ್ತೈದು ದಾಟಿದ ಅವಳ ತಮ್ಮನಿಗೂ ಗೊತ್ತು, ಆದರೆ ಗಂಡ ಹಿಡಿದದ್ದು ಬಿಡುವ ಪೈಕಿಯವನಲ್ಲ, ತೊಟ್ಟಿಲದಾಗ ಅಡಿಕಿ ಹಿಡಿಸೇವಿಲ್ಲೋ, ಹಿರೇರ ಮುಂದ ಆಡಿದ ಮಾತು ಲಗ್ನ ಇದ್ದಂಗ, ಮಾತು ಆಡಿದ್ರ ಹೋತು, ಮುತ್ತು ಒಡದ್ರ ಹೋತು — ಅಡಿಕೆ, ಹೆಸರಿಟ್ಟ ಹದಿಮೂರನೆಯ ದಿನ, ಹನ್ನೆರಡು ವರ್ಷದ ತಮ್ಮ ನಾಚಿಕೊಂಡು ಇವಳು ನನ್ನವಳು ಎಂದು ಕೂಸಿನ ಕೈಗೆ ಅಡಿಕೆ ಇಡಲು ಹೋದರೆ ಕೂಸು ಮುಷ್ಟಿ ಬಿಚ್ಚಲೊಲ್ಲದು, ಹೆಂಗಸರೆಲ್ಲ ನಕ್ಕರು, ಮಾಮಾನ ಮ್ಯಾಲ ಈಗೇ ಸಿಟ್ಟು ನೋಡ್ರೆವ್ವಾ, ಆಗ ಬಾಣಂತಿ ಹೀರಾಬಾಯಿಯೇ ಬಗ್ಗಿ ಆ ಎಳೆ ಬೆರಳುಗಳನ್ನು ಒಂದೊಂದಾಗಿ ಬಿಡಿಸಿದ್ದಳು, ಒಂದನ್ನು ಬಿಡಿಸಿದರೆ ಇನ್ನೊಂದು ಮಡಚಿಕೊಳ್ಳುತ್ತಿತ್ತು, ಅವಳೂ ನಕ್ಕಿದ್ದಳು, ದೇವರೇ, ನಕ್ಕಿದ್ದಳು.

ಅವಳ ಕೈಗೂ ಯಾರೋ ಹಾಗೆಯೇ ಹಿಡಿಸಿದ್ದರು. ದೌಲತರಾಯ ಅವಳ ಅವ್ವನ ಒಡಹುಟ್ಟಿದ ತಮ್ಮ, ಅರಿಶಿನ ಹಚ್ಚುವ ದಿನದವರೆಗೂ ಮಾಮಾ ಎಂದು ಕರೆದಳು, ಮರುದಿನದಿಂದ ಕರೆಯಲು ಹೆಸರೇ ಇಲ್ಲದಾಯಿತು, ಕೆಟ್ಟವನಲ್ಲ, ಜ್ವರ ಬಂದರೆ ತಾನೇ ಗಂಜಿ ಕಾಸಿದವನು, ಆದರೆ ನಿನಗೆ ಒಪ್ಪಿಗೆಯೇನು ಎಂದು ಯಾರೂ ಕೇಳಲಿಲ್ಲ, ಕೇಳಿದ್ದರೆ ಹ್ಞೂಂ ಅಂದೇ ಬಿಡುತ್ತಿದ್ದಳೇನೋ, ಆ ಹ್ಞೂಂ ಬಾಯಲ್ಲೇ ಉಳಿದುಹೋಯಿತು, ಇಷ್ಟು ವರ್ಷದ ಮೇಲೂ ಅದನ್ನು ನೆನೆದರೆ ಅಳು ಬರುತ್ತದೆ. ಮೊನ್ನೆ ಫೋನಿನಲ್ಲಿ ಮಗಳು, ಅವ್ವಾ, ಕದ್ದು ಓಡೂದು ನಮಗೂ ಬರ್ತಿತ್ತು, ಊರಿಗೆಲ್ಲ ಕಾಣಂಗ ಬೋರ್ಡಿಗೆ ಹಚ್ಚಿ ಮಾಡ್ಕೊಳ್ಳಾಕತ್ತೇವಿ, ನೀ ಬಂದು ನಿಂತ್ರ ಸಾಕು — ಬಂದಿದ್ದಾಳೆ, ನಿಂತಿದ್ದಾಳೆ, ಯಾರ ಕಡೆ ನಿಂತಿದ್ದಾಳೆ? ಯವ್ವಾ, ಹಿಂಗ ಬರ್ರಿ, ಮೇಜಿನ ಹಿಂದಿನ ಸಾಹೇಬರು ಕರೆಯುತ್ತಿದ್ದಾರೆ, ಗಂಡ ಆಗಲೇ ಬರೆಸಿದ ತಕರಾರಿನ ಪುಸ್ತಕ ತೆರೆದಿದೆ, ಮಗಳು ವಯಸ್ಸಿಗೆ ಬಂದಾಳ, ಆಕಿ ಮನಸ್ಸಿಗೆ ಬಂದವರನ್ನ ಆಕಿ ಮಾಡ್ಕೋಬಹುದು, ಅದು ಆಕಿ ಹಕ್ಕು, ಆದ್ರ ಗಂಡ ಇದ್ದಾಕಿ ಅಂದ್ರ ಮಾತು ಬ್ಯಾರೆ, ನಿಮ್ಮ ತಮ್ಮನ ಜೋಡಿ ಆಕಿ ಲಗ್ನ ಆದದ್ದು ನಿಮ್ಮ ಕಣ್ಣೀಲೆ ನೋಡೀರೇನು, ನೋಡಿದ್ರ ಇಲ್ಲಿ ಸಹಿ ಮಾಡ್ರಿ — ಹೌದ್ರಿ ಅನ್ನು, ಗಂಡನ ಪಿಸುಮಾತು ಕಿವಿಯಲ್ಲಿ, ಒಂದು ಹೌದ್ರಿ, ಅಷ್ಟೇ, ಮಗಳು ಅಂದೋಲಾಕ್ಕೆ ಮರಳಿ ಬಂದಾಳು, ಮಂದಿಯ ಬಾಯಿ ಮುಚ್ಚೀತು, ತಮ್ಮನ ಮನೆಯಲ್ಲಿ ದೀಪ ಹತ್ತೀತು, ಒಂದು ಹೌದ್ರಿ — ಇಲ್ರೀ ಸಾಹೇಬ್ರ, ಲಗ್ನ ಆಗಿಲ್ರಿ, ಆ ಅಡಿಕಿ ಸೈತ ಆಕಿ ಹಿಡದಿಲ್ರಿ, ನಾನೇ ಬೆರಳು ಬಿಡಿಸಿ ತುರುಕೀನ್ರಿ — ಯಾರ ದನಿ ಇದು, ತನ್ನದೇ, ಇಷ್ಟು ಗಟ್ಟಿಯಾಗಿ ಯಾವಾಗ ಮಾತಾಡಿದ್ದಳು, ಏ ಹೀರಾ, ತಲಿ ಕೆಟ್ಟದೇನು ನಿಂದು, ಗಂಡ ಮಣಿಕಟ್ಟು ಹಿಡಿದ, ಪೆನ್ನು ತುರುಕಲು ನೋಡುತ್ತಿದ್ದಾನೆ, ಸಾಹೇಬರು ಎದ್ದು ನಿಂತು ಬಿಡ್ರಿ ಆಕೀನ ಎನ್ನುತ್ತಿದ್ದಾರೆ, ಅವನಿಗೆ ಕೇಳಿಸುತ್ತಿಲ್ಲ, ನಾಲ್ಕು ಮಂದಿಯ ಮುಂದೆ ಬೆರಳು ಬಿಡಿಸುತ್ತಿದ್ದಾನೆ, ಒಂದನ್ನು ಬಿಡಿಸಿದರೆ ಇನ್ನೊಂದು ಮಡಚಿಕೊಳ್ಳುತ್ತದೆ, ಅವಳು ಮಡಚುತ್ತಿಲ್ಲ, ಅದಾಗಿಯೇ ಮಡಚಿಕೊಳ್ಳುತ್ತಿದೆ, ಹದಿಮೂರು ದಿನದ ಕೂಸಿನ ಕೈ, ಬಿಚ್ಚಲೊಲ್ಲದ ಮುಷ್ಟಿ, ಆ ಮುಷ್ಟಿ —