ಅಕ್ಕ ನುಡಿದ ಸಾಕ್ಷಿ

ಅಪ್ಪ ಅಮ್ಮ ಹೋದ ಮೇಲೆ ತಮ್ಮನನ್ನು ಸಾಕಿ ದೊಡ್ಡವನನ್ನಾಗಿ ಮಾಡಿದವಳು ಅಕ್ಕ. ತನಗೊಂದು ಮದುವೆ ಎಂಬ ಯೋಚನೆಯನ್ನು ಹೊಲದ ಬದುವಿನಾಚೆಗೇ ಬಿಟ್ಟಿದ್ದಳು. ಅವಳು ಕೋಸು, ಮೂಲಂಗಿ ಬೆಳೆಯುತ್ತಿದ್ದಳು. ತಮ್ಮ ಅದೇ ಹೊಲದ ಮೂಲೆಯ ತಗಡಿನ ಶೆಡ್ಡಿನಲ್ಲಿ ವೆಲ್ಡಿಂಗ್ ಮಾಡುತ್ತಿದ್ದ. ಮುರಿದ ನೇಗಿಲು, ಬಿರುಕು ಬಿಟ್ಟ ಗೇಟು, ಟ್ರಾಕ್ಟರಿನ ಕೊಂಡಿ, ಏನೇ ತಂದರೂ ಇಲ್ಲವೆನ್ನದೆ ಬೆಸೆದು ಕೊಡುತ್ತಿದ್ದ. ಸುತ್ತಲಿನವರಿಗೆ ಅವನು ಕಿಡಿ. ಅವನ ನಿಜವಾದ ಹೆಸರು ಒಮ್ಮೊಮ್ಮೆ ಅಕ್ಕನಿಗೇ ಬಾಯಿಗೆ ಬರುತ್ತಿರಲಿಲ್ಲ.

ರಸ್ತೆಯಾಚೆ ಗೋದಾಮಿನ ಕಂಪನಿ ಬಂದ ಮೇಲೆ ತಾಪತ್ರಯ ಶುರುವಾಯಿತು. ಯೋಜನಾ ಕಚೇರಿಯವರು ಹೊಸ ನಕಾಶೆಯಲ್ಲಿ ಇವರ ಹೊಲವನ್ನು ಕೈಗಾರಿಕಾ ಜಾಗವೆಂದು ಸೇರಿಸಿಬಿಟ್ಟರು. ಹಾಗೆ ಸೇರಿದ ಮೇಲೆ ಇಂದಲ್ಲ ನಾಳೆ ಅದು ಕಂಪನಿಯ ಪಾಲು. ಅಕ್ಕ ಕೇಳಲು ಹೋದಾಗ ಅಧಿಕಾರಿ ತಲೆ ಎತ್ತದೆಯೇ, ಅಲ್ಲಿ ಆಗಲೇ ಕಾರ್ಖಾನೆ ನಡೆಯುತ್ತಿದೆಯಲ್ಲ ಎಂದು ಶೆಡ್ಡಿನ ಫೋಟೋ ಮುಂದೆ ತಳ್ಳಿದ.

ಅಕ್ಕ ಕೋರ್ಟಿನ ಮೆಟ್ಟಿಲು ಹತ್ತಿದಳು. ಅವಳ ಪರ ನಿಂತ ವಕೀಲೆ ಎಲ್ಲವನ್ನೂ ಕೇಳಿಸಿಕೊಂಡು, ಹೊಲ ನಿಮ್ಮ ಕಡೆ ಇದೆ, ಶೆಡ್ಡು ಅವರ ಕಡೆ ಇದೆ ಎಂದರು. ಶೆಡ್ಡನ್ನು ಗೊಬ್ಬರ, ಗುದ್ದಲಿ ಇಡುವ ಜಾಗ ಎಂದು ಕೋರ್ಟಿನಲ್ಲಿ ಹೇಳದೆ ಬೇರೆ ದಾರಿಯಿರಲಿಲ್ಲ. ತಮ್ಮನೇ ಮೊದಲು ಒಪ್ಪಿದ.

"ಹೊಲ ಉಳೀಲಿ ಅಕ್ಕ. ಕೇಸು ಮುಗಿದ್ಮೇಲೆ ಶೆಡ್ಡು ಮತ್ತೆ ಶುರು ಮಾಡಿದ್ರಾಯ್ತು."

ಕೋರ್ಟಿನಿಂದ ಜಾಗ ಪರಿಶೀಲಿಸುವವರು ಬರುವ ಮುನ್ನ ಅವನೇ ಯಂತ್ರಗಳನ್ನು ಗೆಳೆಯನ ಮನೆಗೆ ಸಾಗಿಸಿ, ನೆಲದ ಸುಟ್ಟ ಕಲೆಗಳ ಮೇಲೆ ಹುಲ್ಲು ಹರಡಿದ. ಒಂದು ಆಕಳನ್ನೂ ತಂದು ಕಟ್ಟಲೇ ಎಂದು ತಮಾಷೆ ಮಾಡಿದ.

ಸಾಕ್ಷಿಯ ದಿನ ಕೋರ್ಟಿನಲ್ಲಿ ಕಾಲಿಡಲು ಜಾಗವಿರಲಿಲ್ಲ. ಹಿಂದಿನ ಬೆಂಚುಗಳಲ್ಲಿ ಕಿಡಿಯ ಗಿರಾಕಿಗಳೇ ಕೂತಿದ್ದರು. ಅವರ ನಡುವೆ ಅವನೂ ಇದ್ದ. ಕಚೇರಿಯ ಪರ ವಕೀಲ ಶೆಡ್ಡಿನ ಬಗ್ಗೆ ಹತ್ತಾರು ಪ್ರಶ್ನೆ ಕೇಳಿದ. ಅಕ್ಕ ಕಲಿತದ್ದನ್ನೇ ಒಪ್ಪಿಸಿದಳು. ಕೊನೆಗೆ ಆ ವಕೀಲ ತಣ್ಣಗೆ ಕೇಳಿದ:

"ಹಾಗಾದ್ರೆ ನಿಮ್ಮ ತಮ್ಮ ಹೊಟ್ಟೆಪಾಡಿಗೆ ಏನು ಮಾಡ್ತಾರೆ?"

ಈ ಪ್ರಶ್ನೆಯನ್ನು ಯಾರೂ ಅವಳಿಗೆ ಹೇಳಿಕೊಟ್ಟಿರಲಿಲ್ಲ. ನ್ಯಾಯಾಧೀಶರ ಪೆನ್ನು ಕಾಗದದ ಮೇಲೆ ನಿಂತಿತ್ತು. ಅಕ್ಕ ಅವರ ಕಡೆ ತಿರುಗಿದಳು.

"ಏನೂ ಮಾಡಲ್ಲ ಸ್ವಾಮಿ. ಅವನಿಗೆ ಯಾವ ಕೆಲಸಾನೂ ಬರಲ್ಲ. ಮೊದಲಿಂದಲೂ ದಂಡಪಿಂಡ. ನಾನೇ ಕೂರಿಸಿ ಊಟ ಹಾಕ್ತಿದೀನಿ."

ಹಿಂದಿನಿಂದ ಯಾರೋ ಕಿಸಕ್ಕೆಂದರು. ಅಕ್ಕ ತಿರುಗಿ ನೋಡಿದಾಗ ತಮ್ಮ ತಲೆ ತಗ್ಗಿಸಿಕೊಂಡು ಬಾಗಿಲ ಕಡೆ ನಡೆಯುತ್ತಿದ್ದ. ಜನ ಕಾಲು ಮಡಚಿ ದಾರಿ ಬಿಡುತ್ತಿದ್ದರು.

ಅಂದು ಸಂಜೆ ಅವಳು, ಬಾಯಿಗೆ ಬಂದಿದ್ದನ್ನ ಹೇಳಿಬಿಟ್ಟೆ ಕಣೋ ಎಂದು ಸಮಾಧಾನ ಮಾಡಲು ಹೋದಳು. ಅವನು ಪರವಾಗಿಲ್ಲ ಎಂದ. ತಟ್ಟೆಯಲ್ಲಿ ಅನ್ನ ಹಾಗೇ ಉಳಿಯಿತು. ಮರುದಿನದಿಂದ ಅಕ್ಕ ಹೊಲಕ್ಕೆ ಹೋದ ಮೇಲೆಯೇ ಅವನು ಅಡುಗೆಮನೆಗೆ ಬರತೊಡಗಿದ.

ಅಕ್ಕ ಕೇಸು ಗೆದ್ದಳು. ಹೊಲ ಕೃಷಿ ಜಮೀನೇ ಎಂದು ತೀರ್ಪಾಯಿತು. ಅಕ್ಕ ಹೇಳಿದ್ದನ್ನು ನ್ಯಾಯಾಧೀಶರು ಪೂರ್ತಿ ನಂಬಿದ್ದರು. ಆದ್ದರಿಂದಲೇ, ಶೆಡ್ಡಿನಲ್ಲಿ ಬೇಸಾಯದ ಸಾಮಾನಿನ ಹೊರತು ಬೇರೇನೂ ಇಡಕೂಡದು, ಇಟ್ಟರೆ ಜಮೀನಿನ ವರ್ಗ ಬದಲಾಗುತ್ತದೆ ಎಂದೂ ಸೇರಿಸಿದರು. ಆ ವಾರವೇ ಲೈನ್‌ಮನ್ ಬಂದು ಶೆಡ್ಡಿನ ತಂತಿ ಕತ್ತರಿಸಿದ. ತಮ್ಮ ಅವನಿಗೆ ಏಣಿ ಹಿಡಿದುಕೊಂಡು ನಿಂತಿದ್ದ. ಮರುದಿನ ಬಟ್ಟೆಬರೆ ಕಟ್ಟಿಕೊಂಡು ಹೊರಟುಹೋದ. ಅಕ್ಕ ಬಾಗಿಲಿಗೆ ಅಡ್ಡ ನಿಂತರೆ, ದಂಡಪಿಂಡ ಎಷ್ಟು ದಿನ ಅಂತ ಕೂತು ತಿನ್ನೋದು ಎಂದಷ್ಟೇ ಕೇಳಿದ.

ಮುಂದಿನ ಉಳುಮೆಯ ಹೊತ್ತಿಗೆ ನೇಗಿಲಿನ ಕುಳ ಮುರಿಯಿತು. ಅಕ್ಕ ಅದನ್ನು ಹೊತ್ತುಕೊಂಡು ಪೇಟೆಗೆ ಹೋದಳು. ಅಲ್ಲಿ ಬೇರೆಯವರ ವೆಲ್ಡಿಂಗ್ ಅಂಗಡಿಯಲ್ಲಿ ತಮ್ಮ ಕೂಲಿಗಿದ್ದಾನೆಂದು ಅವಳಿಗೆ ಗೊತ್ತಿತ್ತು. ಅವನು ಕುಳ ತೆಗೆದುಕೊಂಡ. ಕಣ್ಣಿಗೆ ಕಪ್ಪು ಗಾಜು ಹಿಡಿದು ಬೆಸೆದ, ಉಜ್ಜಿ ನಯ ಮಾಡಿದ.

"ಮನೆಗೆ ಬಾರೋ," ಎಂದಳು ಅಕ್ಕ.

ಅವನು ಮುಂದಿನ ಸಾಮಾನಿಗೆ ಕೈ ಹಾಕಿದ. ಮಾಲೀಕ ಒಳಗಿನಿಂದ ಇಣುಕಿ, ಯಾರೋ ಅವರು, ನಿನ್ನ ಕಡೆಯವರಾ ಎಂದು ಕೇಳಿದ.

"ಇಲ್ಲ," ಎಂದ ತಮ್ಮ. "ಹೊಲದವರು."

ಅಕ್ಕ ಕುಳವನ್ನು ಎತ್ತಿಕೊಂಡಳು. ಬೆಸೆದ ಜಾಗ ಇನ್ನೂ ಬಿಸಿಯಾಗಿತ್ತು. ಸೆರಗಿನಲ್ಲಿ ಸುತ್ತಿಕೊಂಡು ಬಸ್ ಸ್ಟ್ಯಾಂಡಿನ ಕಡೆ ನಡೆದಳು.