ಉಚ್ಚಂಗೆಮ್ಮನ ಎಡಗಾಲು

ಅಂದು ಬೆಳಿಗ್ಗೆ ಐಮಂಗಲದ ಪಕ್ಕದ ಹಟ್ಟಿಯಲ್ಲಿ ಎರಡು ಸಂಗತಿಗಳು ನಡೆದಿದ್ದವು. ಯಜಮಾನ ಕರಿಯಣ್ಣನ ಸೊಂಟ ಹಿಡಿದುಕೊಂಡಿತ್ತು, ಉಚ್ಚಂಗೆಮ್ಮ ಸತ್ತಿದ್ದಳು. ಮೊದಲನೆಯದರ ಗಂಭೀರತೆ ಎಲ್ಲರಿಗೂ ತಿಳಿದಿತ್ತು. ಆದ್ದರಿಂದ ಇಬ್ಬರ ಹೆಗಲಿಗೆ ಜೋತುಬಿದ್ದು ಬರುತ್ತಿದ್ದ ಕರಿಯಣ್ಣನನ್ನು ಕಂಡು, ಹೆಣಕ್ಕೆ ಸೀರೆ ಹೊದಿಸುತ್ತಿದ್ದ ಹೆಂಗಸರು ಕೈಬಿಟ್ಟು ಎದ್ದು ದಾರಿ ಕೊಟ್ಟರು.

"ಅಯ್ಯಯ್ಯೋ, ಮೆಲ್ಲಕ್ಕೆ ಲೇ! ಮೂಟೆ ಇಳಿಸ್ದಂಗೆ ಇಳಿಸ್ತೀಯಲ್ಲೋ."

ಹೆಣದ ಕಾಲದೆಸೆಯಲ್ಲಿ ಹಾಸಿದ ಚಾಪೆಯ ಮೇಲೆ ಕರಿಯಣ್ಣ ಬೋರಲು ಮಲಗಿ ಅಂಗಿ ಮೇಲಕ್ಕೆತ್ತಿಸಿಕೊಂಡ.

"ಮಣ್ಣಾಗೋಕೆ ಮುಂಚೆ ಒಂದ್ಸಲ ಅವಳ ಎಡಗಾಲು ತಾಗಿಸಿಬಿಡ್ರಿ."

"ಸೂತಕ ಅಲ್ವಾ ಯಜಮಾನ್ರೇ?" ಎಂದ ಮಾರಣ್ಣ.

"ಸೊಂಟಕ್ಕೆ ಯಾವ ಸೂತಕ ಲೇ."

ಇದು ಕಿವಿಗೆ ಬಿದ್ದದ್ದೇ ತಡ, ಕತ್ತು ಹಿಡಿದುಕೊಂಡಿದ್ದ ದುರುಗಣ್ಣ ಅದನ್ನು ಓರೆ ಮಾಡಿಕೊಂಡು ಹಿಂದೆ ಬಂದು ನಿಂತ. ಅತ್ತು ಮುಗಿಸಿದವರು ಒಬ್ಬೊಬ್ಬರಾಗಿ ಸಾಲಿಗೆ ಸೇರಿದರು.

ಮಗಳು ನಾಗಕ್ಕ ತಾಯಿಯ ಕಾಲಿನ ಮೇಲೆ ಸೀರೆ ಎಳೆದು, ಅದರ ಅಂಚಿನ ಮೇಲೆ ಕುಳಿತುಬಿಟ್ಟಳು.

"ಮುಟ್ಟಬ್ಯಾಡ್ರಿ. ಬದುಕಿದ್ದಾಗ ನೀವಿಸ್ಕಂಡಿದ್ದು ಸಾಕು. ಇನ್ನಾದ್ರೂ ಸುಮ್ನೆ ಮಲಗ್ಲಿ ನಮ್ಮವ್ವ."

"ಸತ್ತೋಳಿಗೆ ಅದೇನು ಬಾಧೆ ಆಗ್ತೈತೆ ತಾಯಿ?" ಎಂದಳು ನೆರೆಮನೆಯ ತಿಪ್ಪಮ್ಮ. ಅವಳಿಗೆ ಮೊಣಕೈ ನೋವಿತ್ತು.

*

ಉಚ್ಚಂಗೆಮ್ಮ ಕಾಲು ಮುಂದಾಗಿ ಹುಟ್ಟಿದವಳು. ಅಂಥವರು ಎಡಗಾಲಿನಲ್ಲಿ ನೀವಿದರೆ ಉಳುಕು, ಹಿಡಿತ ಎಲ್ಲ ಬಿಡುತ್ತವೆಂದು ಹಟ್ಟಿ ನಂಬಿತ್ತು. ಹೆದ್ದಾರಿಗೆ ದಿನವಿಡೀ ಜಲ್ಲಿ ಹೊತ್ತು ಮನೆಗೆ ಬಂದರೆ ಬಾಗಿಲಲ್ಲಿ ಯಾರಾದರೊಬ್ಬರು ಬೋರಲು ಮಲಗಿರುತ್ತಿದ್ದರು. ಎಪ್ಪತ್ತೊಂದನೇ ಇಸವಿಯಲ್ಲಿ ಅವಳ ಮಂಡಿಗಳೇ ಊದಿಕೊಂಡವು. ಹಿರಿಯೂರಿನ ಡಾಕ್ಟರೊಬ್ಬರು ತಿಕ್ಕಿಕೊಳ್ಳಲು ಮುಲಾಮು ಕೊಟ್ಟರು. ಅದರ ವಾಸನೆ ಹಿಡಿದು ಕರಿಯಣ್ಣ ಬಂದ.

"ಈ ಕಾಲಿಗೆ ಮದ್ದು ಸೋಕಿದ್ರೆ ಗುಣ ಹೋಗ್ತೈತೆ ಕಣಮ್ಮ. ಇದು ಹಟ್ಟಿ ಕಾಲು, ನಿಂದೊಬ್ಬಳದಲ್ಲ."

"ನೋವು ಮಾತ್ರ ನಂದೊಬ್ಬಳದೇ ಐತಲ್ಲ ಯಜಮಾನ್ರೇ."

ಎಲ್ಲರೂ ನಕ್ಕರು. ಒಳ್ಳೆ ಮಾತುಗಾತಿ ಎಂದು ಮೆಚ್ಚಿದರು. ಮುಲಾಮು ತಿಪ್ಪೆಗೆ ಹೋಯಿತು. ಆಮೇಲೂ ಅವಳು ಗೋಡೆ ಹಿಡಿದು, ಹಲ್ಲು ಕಚ್ಚಿ ನಿಂತು, ಬಂದವರ ಬೆನ್ನು ನೀವಿದಳು.

*

"ಏಳವ್ವ, ಹೊತ್ತಾಗ್ತೈತೆ," ಎಂದ ಕರಿಯಣ್ಣ ಚಾಪೆಯಿಂದಲೇ. "ನಾನು ಏಳದೆ ಹೆಣ ಏಳಲ್ಲ."

"ಆ ಕಾಲಲ್ಲಿ ಏನೂ ಇಲ್ಲ, ಎದ್ದು ಹೋಗ್ರಿ," ಎಂದಳು ನಾಗಕ್ಕ. "ಬಾಗ್ಲು ಹಾಕ್ಕಂಡು ದಿನಾ ನಾನೇ ತಿಕ್ತಿದ್ದೆ. ತಿಪ್ಪೆಯಿಂದ ಮುಲಾಮು ಆರಿಸ್ಕಂಡು ಬಂದು ಹಚ್ಚಿದೆ. ಅದು ಮುಗಿದ ಮ್ಯಾಲೆ ಎಕ್ಕದೆಲೆಗೆ ಹರಳೆಣ್ಣೆ ಸವರಿ, ಬಿಸಿ ಮಾಡಿ ಕಟ್ಟಿದೆ. ಐದು ವರ್ಷದಿಂದ ನಿಮಗೆ ತಾಗಿರೋದೆಲ್ಲ ಮದ್ದು ಬಿದ್ದ ಕಾಲೇ."



"ಮತ್ತೆ ಹೋದ ಸುಗ್ಗೀಲಿ ನಂಗೆ ವಾಸಿ ಆಯ್ತಲ್ಲ?" ಎಂದ ದುರುಗಣ್ಣ.

"ಆಗಿದ್ರೆ ಆಗೈತೆ. ನನ್ನೇನ್ ಕೇಳ್ತೀಯಣ್ಣ?"

ತಿಪ್ಪಮ್ಮ ಮೊಣಕೈ ಹಿಡಿದುಕೊಂಡಳು. "ಅದಕ್ಕೇ ಮತ್ತೆ! ನಂಗೆ ನೋವು ಬಿಟ್ಟೇ ಇರ್ಲಿಲ್ಲ. ನಾನೇ ಬಿಟ್ಟೈತೆ ಅಂದ್ಕಂಡಿದ್ದೆ."

"ತಾಯಿ ಮಗಳು ಸೇರಿ ಹಟ್ಟಿಗೇ ಮೋಸ ಮಾಡೀರಿ," ಎಂದ ಕರಿಯಣ್ಣ, ಅಂಗಿ ಕೆಳಗೆಳೆಸಿಕೊಂಡು. ನಾಲ್ವರು ಅವನನ್ನು ಹೊತ್ತು ಮನೆಗೆ ಒಯ್ದರು. ಸಾಲು ಕರಗಿತು.

ನಾಗಕ್ಕ ತಾಯಿಯ ಪಾದಗಳನ್ನು ಜೋಡಿಸಿ ಬಟ್ಟೆಯಿಂದ ಕಟ್ಟಿದಳು. ಯಾರೂ ಅಡ್ಡ ಬರಲಿಲ್ಲ. ಗುಂಡಿಯನ್ನು ಬೆಳಿಗ್ಗೆಯೇ ತೋಡಿಯಾಗಿತ್ತು, ಚಟ್ಟವೂ ಸಿದ್ಧವಿತ್ತು. ಹೆಗಲು ಕೊಡಿ ಎಂದಾಗ ಮಾರಣ್ಣ ನಿಧಾನವಾಗಿ ಸೊಂಟದ ಮೇಲೆ ಕೈಯಿಟ್ಟ.

"ಕೊಡ್ತಿದ್ದೆ ನಾಗಕ್ಕ. ಆದ್ರೆ ನೋಡು, ಬೆಳಿಗ್ಗೆ ಇರ್ಲಿಲ್ಲ ಇದು."

ದುರುಗಣ್ಣನಿಗೆ ನೋವು ಕತ್ತಿನಿಂದ ಭುಜಕ್ಕೆ ಇಳಿದಿತ್ತು. ಉಳಿದ ಗಂಡಸರೂ ಒಬ್ಬೊಬ್ಬರಾಗಿ ಗೋಡೆಗೊರಗಿ ಕುಳಿತರು. ಐದು ವರ್ಷದಲ್ಲಿ ವಾಸಿಯಾಗಿದ್ದ ನೋವುಗಳೆಲ್ಲ ಒಂದೇ ಮಧ್ಯಾಹ್ನ ಹಟ್ಟಿಗೆ ಮರಳಿದ್ದವು.

ಉಚ್ಚಂಗೆಮ್ಮನ ಹೆಣ ಗೊಬ್ಬರದ ಗಾಡಿಯಲ್ಲಿ ಹೋಯಿತು. ಎತ್ತು ಹೊಡೆದವಳು ನಾಗಕ್ಕ.