ಕಲ್ಲಿನ ಜಾಗದಲ್ಲಿ ಅನಾ

ಕಾಡಿನ ಪೈನ್ ಮರಗಳಿಂದ ಚಿಲ್ಗೋಜಾ ಕಾಯಿ ಕೊಯ್ಲು ಶುರುವಾಗಿ ಹನ್ನೊಂದನೆಯ ದಿನ. ಬೆಳಗ್ಗೆ ಗುಲ್‌ದಾದ್ ಕಾಕಾ ಅಂಗಳಕ್ಕೆ ಬಂದವನು ಚಪ್ಪಲಿ ಕೂಡ ಬಿಡದೆ ನಿಂತಲ್ಲೇ ಹೇಳಿದ.

"ಕಲ್ಲು ಹೋಯ್ತು."

ಅನಾ ಮಜ್ಜಿಗೆ ಕಡೆಯುತ್ತಿದ್ದಳು. ಅನಾ ಅಂದರೆ ನಮ್ಮಜ್ಜಿ. ಊರಿಗೆಲ್ಲ ಅವಳು ಅನಾನೇ. ಕೈ ನಿಲ್ಲಿಸದೆ ಕೇಳಿದಳು, "ಎಲ್ಲಿಗೆ ಹೋಯ್ತು? ಅದಕ್ಕೆ ಕಾಲು ಬಂತಾ?"

"ತಮಾಷೆ ಬೇಡ ಅತ್ತಿಗೆ. ರಸ್ತೆ ಅಗಲ ಮಾಡೋ ಯಂತ್ರ ತಳ್ಳಿಬಿಡ್ತು. ಓಡ್ಸೋನು ಬಯಲಿನ ಕಡೆಯೋನು, ಹೊಸಬ. ಅವನಿಗೆ ಅದು ಬರೀ ಕಲ್ಲು. ಕಮರಿಗೆ ಉರುಳಿ ಮೂರು ಚೂರಾಗಿದೆ."

ಆಗ ಅನಾಳ ಕೈ ನಿಂತಿತು. ನನ್ನಣ್ಣ ಝರ್ಬತ್ ಮೂರು ದಿನದಿಂದ ಮೇಲಿನ ಕಾಡಿನಲ್ಲಿದ್ದ. ಅಂದು ಮಧ್ಯಾಹ್ನ ಕತ್ತೆಗಳ ಮೇಲೆ ಕಾಯಿ ಹೇರಿಕೊಂಡು ಇಳಿಯುವವನಿದ್ದ. ಇಳಿಯಲು ಇರುವುದು ಒಂದೇ ದಾರಿ. ಅದು ಮೇಲ್ಕಣಿವೆಯವರ ಮನೆಗಳ ಮುಂದೆಯೇ ಹಾಯುತ್ತದೆ.

ಕಾಡಿನ ಗಡಿಯ ವಿಷಯಕ್ಕೆ ಮೇಲ್ಕಣಿವೆಯವರಲ್ಲಿ ಇಬ್ಬರು ಗುಂಡಿಗೆ ಬಲಿಯಾಗಿದ್ದರು, ಕೆಳಕಣಿವೆಯ ನಮ್ಮಲ್ಲಿ ಇಬ್ಬರು. ಅವರಲ್ಲಿ ಒಬ್ಬ, ಅವರ ಮುಖ್ಯಸ್ಥ ತೋರಬಾಝ್ ಕಾಕಾನ ಹಿರಿಮಗ. ನಮ್ಮಲ್ಲಿ ಒಬ್ಬ ನನ್ನಪ್ಪ. ಆಮೇಲಿನ ಸರದಿ ಯಾರದೆಂದು ಹೇಳಲು ಯಾರೂ ಬೇಕಿರಲಿಲ್ಲ. ನಮ್ಮ ಕಡೆ ಝರ್ಬತ್, ಅವರ ಕಡೆ ತೋರಬಾಝ್‌ನ ಕಿರಿಮಗ ಅಜಬ್‌ಗುಲ್. ಎರಡು ವರ್ಷ ಅಣ್ಣ ನಮ್ಮ ಮನೆಯ ಬುರುಜಿನಿಂದ ಕೆಳಗಿಳಿಯಲಿಲ್ಲ. ಬಂದೂಕಿನ ಕಿಂಡಿಯಿಂದ ಬೀಳುವ ಬಿಸಿಲಿನ ಪಟ್ಟಿಯಲ್ಲಿ ಕೂತು ಅವನು ಬೆಳ್ಳಗಾಗುತ್ತ ಹೋಗುವುದನ್ನು ನಾನು ನೋಡಿದ್ದೆ. ಅನಾ ಹೇಳುತ್ತಿದ್ದ ಕತೆಗಳಲ್ಲಿ ಕಾಫ್ ಪರ್ವತದ ದೈತ್ಯ ರಾಜಕುಮಾರಿಯನ್ನು ಗೋಪುರದಲ್ಲಿಡುತ್ತಾನೆ. ನಮ್ಮ ಮನೆಯಲ್ಲಿ ಮೀಸೆ ಇರುವವನನ್ನೇ ಇಟ್ಟಿದ್ದರು.

ಈ ಬೇಸಿಗೆಯಲ್ಲಿ ನದಿಯಾಚೆಯ ಬುಡಕಟ್ಟಿನ ಹಿರಿಯರು ಬಂದು ಜಿರ್ಗಾ ಪಂಚಾಯಿತಿ ಕೂಡಿಸಿದರು. ಎರಡು ಕಣಿವೆ ಸೇರುವ ಕಣಿವೆಬಾಯಲ್ಲಿ ತಮ್ಮ ಕೈಯಾರೆ ಕಲ್ಲು ನೆಟ್ಟರು. ಮೊದಲ ಹಿಮ ಬೀಳುವವರೆಗೆ ಯಾರೂ ಯಾರ ಮೇಲೂ ಬಂದೂಕು ಎತ್ತಬಾರದು. ಎತ್ತಿದವನ ಮನೆಗೆ ಬೆಂಕಿ. ಎರಡೂ ಕಡೆಯವರು ಆ ಕಲ್ಲನ್ನು ಬೆರಳಿಂದಲೂ ಮುಟ್ಟುವಂತಿಲ್ಲ. ಮುಟ್ಟಿದವರು ಮಾತು ಮುರಿದಂತೆ. ಕಲ್ಲು ನಿಂತ ಮಾರನೆಯ ದಿನ ಅಣ್ಣ ಬುರುಜಿನಿಂದ ಇಳಿದು, ಮೊದಲು ಮಾಡಿದ ಕೆಲಸವೆಂದರೆ ಅಂಗಳದಲ್ಲಿ ಸುಮ್ಮನೆ ಹತ್ತು ಸುತ್ತು ನಡೆದದ್ದು.

"ಹಿರಿಯರಿಗೆ ಆಳು ಕಳ್ಸಿದೀನಿ," ಅಂದ ಕಾಕಾ. "ಆದ್ರೆ ನಡ್ಕೊಂಡು ಹೋಗ್ಬೇಕು, ನಡ್ಕೊಂಡು ಬರ್ಬೇಕು. ಅವರು ಬಂದು ಹೊಸ ಕಲ್ಲು ಇಡೋದು ನಾಳೆ. ಅಲ್ಲೀತನಕ ಕಲ್ಲಿಲ್ಲ ಅಂದ್ರೆ ಮಾತೂ ಇಲ್ಲ. ಮೇಲಿನೋರು ಬಂದೂಕು ಒರೆಸ್ತಾ ಕೂತಿದಾರಂತೆ."

"ನಾನು ಓಡಿ ಹೋಗಿ ಅಣ್ಣಂಗೆ ಹೇಳ್ತೀನಿ," ಅಂದೆ. ಹೆಂಗಸರನ್ನು ಯಾರೂ ತಡೆಯುವುದಿಲ್ಲ, ಗುಂಡು ಹಾರಿಸುವುದಂತೂ ಇಲ್ಲ.

"ಹೇಳಿ?" ಅನಾ ಎದ್ದು ಲಂಗದ ಧೂಳು ಕೊಡವಿಕೊಂಡಳು. "ಅಡಗಿ ಕೂತ್ಕೊ ಅಂತೀಯಾ? ಅಡಗಿರೋನನ್ನ ಹುಡುಕ್ತಾರೆ ಕಣೇ. ಕಲ್ಲಿದೆ ಅಂತ ಎದೆ ಎತ್ತಿ ನಡೆಯೋನು ಮನೆಗೆ ಬರ್ತಾನೆ. ಬಾ, ಕೋಲು ಕೊಡು."

"ಎಲ್ಲಿಗೆ ಅತ್ತಿಗೆ?"

"ಕಲ್ಲಿರೋ ಕಡೆಗೆ. ನೀನು ಬರ್ಬೇಡ ಗುಲ್‌ದಾದ್. ನಿನ್ನ ಕಂಡ್ರೆ ಕಲ್ಲಿದ್ದಾಗ್ಲೂ ಹೊಡೀಬೇಕು ಅನ್ಸುತ್ತೆ ಜನಕ್ಕೆ."

ಕಣಿವೆಬಾಯಿಗೆ ಹೋಗಲು ಅನಾಳ ಮಂಡಿಗೆ ಒಂದೂವರೆ ತಾಸು ಹಿಡಿಯಿತು. ಅಲ್ಲಿನ ಸೈನಿಕರ ಚೆಕ್‌ಪೋಸ್ಟಿನ ಹತ್ತಿರ ಯಂತ್ರ ಹಳದಿ ಎಮ್ಮೆಯ ಹಾಗೆ ತಲೆ ತಗ್ಗಿಸಿ ನಿಂತಿತ್ತು. ಓಡಿಸುವವನು ಅದರ ಹಿಂದೆ ಅವಿತಿದ್ದ. ಸುಬೇದಾರ ನಮ್ಮ ಬಳಿ ಬಂದ. ದೂರದ ಊರಿನವನು, ನಮ್ಮ ಮಾತು ಕಲಿತಿದ್ದ, ಆದರೆ ಎಲ್ಲವನ್ನೂ ಕವಾಯತಿನ ಹಾಗೆ ಆಡುತ್ತಿದ್ದ.

"ಅಮ್ಮಾ, ತಪ್ಪಾಯ್ತು. ಇದೇ ಅಳತೆಯ ಕಲ್ಲು ತರಿಸ್ತೀನಿ. ಸಿಮೆಂಟು ಹಾಕಿ ಗಟ್ಟಿ ಮಾಡಿಸ್ತೀನಿ. ಮಧ್ಯಾಹ್ನದೊಳಗೆ ಮುಗಿಯುತ್ತೆ."

"ನೀನಿಟ್ರೆ ಅದು ಮೈಲಿಗಲ್ಲಾಗುತ್ತೆ ಮಗಾ," ಅಂದಳು ಅನಾ. "ಊರು ಎಷ್ಟು ದೂರ ಅಂತ ಬರೆಸ್ಬಹುದು, ಅಷ್ಟೇ. ನಿನ್ನ ಹತ್ರ ಲಾರಿ ಇದೆಯಾ?"

"ಇದೆ."

"ಹಾಗಾದ್ರೆ ನದಿಯಾಚೆಗೆ ಕಳ್ಸು. ಹಿರಿಯರನ್ನ ಹತ್ತಿಸ್ಕೊಂಡು ಬರ್ಲಿ."

"ಸರ್ಕಾರದ ಲಾರೀಲಿ ಬಂದ್ರೆ ಪರವಾಗಿಲ್ವಾ? ನಿಮ್ಮ ಕಾನೂನು…"

"ಹಿರಿಯರು ಕತ್ತೆ ಮೇಲೆ ಬಂದ್ರೂ ಹಿರಿಯರೇ. ಬೇಗ!"

ಸುಬೇದಾರ ಸೆಲ್ಯೂಟು ಹೊಡೆಯುವುದೊಂದು ಬಾಕಿ. ಲಾರಿ ಧೂಳೆಬ್ಬಿಸಿ ಹೋಯಿತು. ಹೋಗಿ ಬರಲು ಸಂಜೆಯಾದೀತು ಅಂದ. ಅಣ್ಣ ಅದಕ್ಕೆ ಮೊದಲೇ ಬರುತ್ತಾನೆ ಅನ್ನುವುದು ನನಗೂ ಅನಾಗೂ ಗೊತ್ತಿತ್ತು.

ಕಲ್ಲು ಇದ್ದ ಕಡೆ ಒಂದು ಗುಳಿ ಉಳಿದಿತ್ತು. ಒಳಗಿನ ಮಣ್ಣು ಇನ್ನೂ ಹಸಿ. ಅನಾ ಕೋಲನ್ನು ನನ್ನ ಕೈಗಿಟ್ಟಳು, ಗುಳಿಯೊಳಗೆ ಇಳಿದಳು, ಮುಖವನ್ನು ಮೂಡಣಕ್ಕೆ ಮಾಡಿ ಕೂತಳು. ಕಲ್ಲಿನ ಚಪ್ಪಟೆ ಮೈಯೂ ಆ ಕಡೆಗೇ ಇತ್ತು. ಕಪ್ಪು ಚಾದರ ತಲೆಯಿಂದ ಎಳೆದುಕೊಂಡಳು.

"ಇನ್ಮೇಲೆ ನನ್ನ ಮುಟ್ಬೇಡ ಮರ್ಗಲರಾ," ಅಂದಳು ನನಗೆ. "ನಾನು ನಿನ್ನಜ್ಜಿ ಅಲ್ಲ ಈಗ."

ಅವಳ ಎಷ್ಟೋ ಕತೆಗಳಲ್ಲಿ ಜನ ಕಲ್ಲಾಗುತ್ತಾರೆ. ಹಿಂದೆ ತಿರುಗಿ ನೋಡಿದ್ದಕ್ಕೆ, ಕೊಟ್ಟ ಮಾತು ಮರೆತದ್ದಕ್ಕೆ. ಯಾರಿಗೋ ಒಳ್ಳೆಯದಾಗಲೆಂದು ತಾನಾಗಿ ಕಲ್ಲಾದವರ ಕತೆಯನ್ನು ಅವಳು ಹೇಳಿರಲಿಲ್ಲ.

ಬಿಸಿಲೇರುವ ಹೊತ್ತಿಗೆ ತೋರಬಾಝ್ ಕಾಕಾ ಬಂದ. ಜೊತೆಗೆ ಅವನ ತಮ್ಮನ ಮಗ, ಗಡ್ಡಕ್ಕೆ ಮದರಂಗಿ ಹಚ್ಚಿದವನು, ಇನ್ನೂ ಮೂವರು. ಎಲ್ಲರ ಹೆಗಲಿಗೂ ಬಂದೂಕು. ಸುಬೇದಾರ ಹತ್ತಿರ ಬರಲು ಹೊರಟ. ತೋರಬಾಝ್ ಅಲ್ಲೇ ನಿಲ್ಲು ಅಂತ ಕೈ ಎತ್ತಿದ.

"ಏನಕ್ಕಾ ಇದು? ರಸ್ತೆ ಮಧ್ಯ ಗುಳಿ ತೋಡ್ಕೊಂಡು ಕೂತಿದೀಯಾ? ಮೊಟ್ಟೆ ಇಡ್ತೀಯಾ?"

"ಕಣ್ಣು ಹೋಯ್ತಾ ನಿಂಗೆ? ಕಲ್ಲು ಕಾಣ್ತಾ ಇಲ್ವಾ?"

ಮದರಂಗಿ ಗಡ್ಡದವನು ನಕ್ಕ. ತೋರಬಾಝ್ ನಗಲಿಲ್ಲ. "ಕಲ್ಲನ್ನ ಜಿರ್ಗಾ ಇಡುತ್ತೆ. ನಿನ್ನ ಯಾರಿಟ್ರು?"

"ಈ ವಯಸ್ಸಿನೋಳನ್ನ ಇನ್ಯಾರು ಇಡ್ತಾರೆ? ಮೇಲಿರೋನು ಇಟ್ಟಿದಾನೆ. ಎತ್ಕೊಂಡು ಹೋಗೋದು ಮರ್ತಿದಾನೆ."

"ಅಕ್ಕಾ, ನಿನ್ನ ಮೊಮ್ಮಗ ಬರೋ ಹೊತ್ತು ಅಂತ ನಂಗೂ ಗೊತ್ತು. ನನ್ನ ಮಗ ಎಲ್ಲಿ ಮಲಗಿದಾನೆ ಅಂತ ನಿಂಗೂ ಗೊತ್ತು. ಬಾಯಿ ಮಾತಲ್ಲಿ ಮುಗಿಯೋ ಬಾಬತ್ತಲ್ಲ. ನೋಡು, ಕಲ್ಲು ಇಷ್ಟೊಂದು ಮಾತಾಡಲ್ಲ."

ಅನಾ ಬಾಯಿ ತೆರೆದಳು. ಏನೋ ಖಾರವಾದದ್ದೇ ಇತ್ತು ನಾಲಿಗೆಯ ಮೇಲೆ, ನನಗೆ ಕಂಡಿತು. ಆಮೇಲೆ ತುಟಿ ಮುಚ್ಚಿದಳು. ಅಲ್ಲಿಂದಾಚೆ ಒಂದು ಮಾತಿಲ್ಲ.

ನಮ್ಮ ಅನಾ ನಿದ್ದೆಯಲ್ಲೂ ಮಾತಾಡುವವಳು. ಕೋಳಿಗಳೊಂದಿಗೆ, ಒಲೆಯೊಂದಿಗೆ, ಸತ್ತ ಅಜ್ಜನೊಂದಿಗೆ. ಅವಳು ಹೀಗೆ ಮೌನವಾಗಿ ಕೂತದ್ದನ್ನು ನಾನು ಹುಟ್ಟಿದಂದಿನಿಂದ ನೋಡಿರಲಿಲ್ಲ. ತೋರಬಾಝ್ ಎದುರಿನ ಬಂಡೆಯ ಮೇಲೆ ಕೂತ. ಅವನ ಜನ ಬಂದೂಕು ತೊಡೆಯ ಮೇಲಿಟ್ಟುಕೊಂಡು ಸುತ್ತ ಕೂತರು. ಕೆಣಕಲು ಶುರು ಮಾಡಿದರು.

"ಅನಾ, ನಿನ್ನ ಎಮ್ಮೆ ಕಳೆದ ಸಲ ನಮ್ಮ ಹೊಲ ಮೇಯ್ತಲ್ಲ, ಏನಂತೀಯಾ?"

ಮಾತಿಲ್ಲ.

"ನಿನ್ನ ಸೊಸೇರು ಮಾಡೋ ಮೆಕ್ಕೆಜೋಳದ ರೊಟ್ಟಿಗೆ ಹಲ್ಲು ಮುರಿಯುತ್ತಂತೆ?"

ಅನಾಳ ಮೂಗಿನ ಹೊಳ್ಳೆ ಅರಳಿತು. ಮಾತಿಲ್ಲ. ಒಂದು ನೊಣ ಬಂದು ಅವಳ ಕೆನ್ನೆಯಲ್ಲಿ ಕೂತಿತು, ಮೂಗಿಗೆ ಹತ್ತಿತು, ಹುಬ್ಬಿನಲ್ಲಿ ಅಡ್ಡಾಡಿತು. ಅವಳು ರೆಪ್ಪೆ ಬಡಿದಳೇ ಹೊರತು ಕೈ ಎತ್ತಲಿಲ್ಲ.

ತೋರಬಾಝ್ ಮನೆಯಿಂದ ಚಹಾ ತರಿಸಿದ. ಏಲಕ್ಕಿಯ ಘಮ ನನ್ನ ಹೊಟ್ಟೆಗೇ ನಾಟಿತು. ಒಂದು ಬಟ್ಟಲು ನನಗೆ ಕೊಟ್ಟು, ಇನ್ನೊಂದನ್ನು ಅನಾಳ ಮುಂದಿಟ್ಟ. "ಕುಡಿ ಅಕ್ಕಾ. ಗಂಟಲು ಒಣಗಿರುತ್ತೆ." ದನಿಯಲ್ಲಿ ವ್ಯಂಗ್ಯ ಇತ್ತೋ ಇರಲಿಲ್ಲವೋ, ಈಗಲೂ ಹೇಳಲಾರೆ. ಅನಾ ಬಟ್ಟಲನ್ನು ನೋಡಲೂ ಇಲ್ಲ. ಹಸಿರು ಚಹಾ ಅಲ್ಲೇ ತಣ್ಣಗಾಯಿತು. ನಾನೂ ನನ್ನದನ್ನು ಕೆಳಗಿಟ್ಟೆ.

ನಡುಮಧ್ಯಾಹ್ನ. ನೆರಳೆಲ್ಲ ಬಂಡೆಗಳ ಅಡಿಗೆ ಸರಿದುಹೋಗಿತ್ತು. ಅನಾಳ ತಲೆ ಒಮ್ಮೆ ಮುಂದಕ್ಕೆ ವಾಲಿತು, ಮತ್ತೆ ನೆಟ್ಟಗಾಯಿತು. ಇನ್ನೊಮ್ಮೆ ವಾಲಿತು. ಮೂರನೆಯ ಸಲ ಇಡೀ ಮೈಯೇ ಪಕ್ಕಕ್ಕೆ ಜಾರತೊಡಗಿತು. ಕಲ್ಲು, ಮಾತು, ಹಿಮ ಎಲ್ಲ ನನಗೆ ಮರೆತುಹೋಯಿತು. "ಅನಾ!" ಅಂತ ಎರಡೂ ಕೈ ಚಾಚಿ ಓಡಿದೆ.

"ಮುಟ್ಬೇಡ!"

ಕೂಗಿದವನು ತೋರಬಾಝ್. ಬಂಡೆಯಿಂದ ಎದ್ದು ನಿಂತುಬಿಟ್ಟಿದ್ದ. ನನ್ನ ಬೆರಳಿಗೂ ಅನಾಳ ಹೆಗಲಿಗೂ ಒಂದು ಗೇಣು ಅಂತರ. ನಾನು ನಿಂತೆ. ಅನಾ ಒಂದು ಕೈಯನ್ನು ಮಣ್ಣಿಗೆ ಊರಿ, ತಾನೇ ಮೆಲ್ಲಗೆ ನೆಟ್ಟಗಾದಳು.

ಮದರಂಗಿ ಗಡ್ಡದವನು ತನ್ನ ದೊಡ್ಡಪ್ಪನನ್ನೇ ನೋಡಿದ.

"ಮುಟ್ಟಿದ್ರೆ ಏನಾಗ್ತಿತ್ತು ದೊಡ್ಡಪ್ಪಾ? ಮುದುಕಿ ತಾನೇ?"

ತೋರಬಾಝ್ ಮತ್ತೆ ಬಂಡೆಯ ಮೇಲೆ ಕೂತ.

"ನಮಗೆ ಒಳ್ಳೇದೇ ಆಗ್ತಿತ್ತು. ಮಾತು ಮುರಿದೋರು ಅವರಾಗ್ತಿದ್ರು. ಯಾಕೆ ತಡೆದ್ರಿ?"

"ಅಜಬ್‌ಗುಲ್ ಅವರ ಊರಲ್ಲಿದಾನೆ," ಅಂದ ತೋರಬಾಝ್, ನೆಲ ನೋಡುತ್ತ. "ನಸುಕಲ್ಲೇ ಹೋದ, ಕೆಳಗಿನ ಗಿರಣಿಗೆ. ಎರಡು ಚೀಲ ಗೋಧಿ. ಯಂತ್ರ ಬರೋ ಮುಂಚೆ. ನಾನೇ ಕಳ್ಸಿದ್ದು, ಕಲ್ಲಿದೆಯಲ್ಲ ಅಂತ."

ನಮ್ಮೂರಿನ ಗಿರಣಿ! ಗುಲ್‌ದಾದ್ ಕಾಕಾನ ಮನೆಯ ಹಿಂದೆಯೇ ಇರುವುದು ಅದು. ನಾವು ಹೊರಡುವಾಗ ನಮ್ಮ ಗಂಡಸರೂ ಗೋಡೆಯಿಂದ ಬಂದೂಕು ಇಳಿಸಿಕೊಳ್ಳುತ್ತಿದ್ದದ್ದು ನೆನಪಾಯಿತು. ನಮ್ಮ ಭಯವೇ ತೋರಬಾಝ್‌ನ ಎದೆಯಲ್ಲೂ ಬೆಳಗ್ಗಿನಿಂದ ಕೂತಿತ್ತು; ಒಪ್ಪಿಕೊಳ್ಳಲು ಆಗದೆ ಚಹಾ ತರಿಸುತ್ತಿದ್ದ ಅಷ್ಟೆ.

"ಹಾಗಾದ್ರೆ ಇವಳು ಕಲ್ಲೇ?" ಅಂದ ಗಡ್ಡದವನು.

"ಕಲ್ಲೇ," ಅಂದ ತೋರಬಾಝ್. "ಬಂದೂಕು ಕೆಳಗಿಡ್ರೋ."

ಇಟ್ಟರು. ಅವನು ನನ್ನ ಕಡೆ ತಿರುಗಿದ. "ಮಗಳೇ, ಊರಿಗೆ ಓಡು. ಕಲ್ಲು ನಿಂತಿದೆ, ತೋರಬಾಝ್ ಒಪ್ಪಿದಾನೆ ಅಂತ ಹೇಳು. ಜೋರಾಗಿ ಹೇಳು, ಎಲ್ರಿಗೂ ಕೇಳೋ ಹಾಗೆ. ನಿಮ್ಮಣ್ಣ ಬಂದ್ರೆ ದಾರಿ ಬಿಡ್ತೀವಿ. ನನ್ನ ಮಾತು."

ನಾನು ಅನಾಳನ್ನು ನೋಡಿದೆ. ಅವಳು ಕಣ್ಣು ಮುಚ್ಚಿ ತೆರೆದಳು. ಓಡಿದೆ. ಆ ಇಳಿಜಾರಿನಲ್ಲಿ ನಾನು ಓಡಿದೆನೋ ಹಾರಿದೆನೋ ತಿಳಿಯದು. ಗಿರಣಿಯ ಬಾಗಿಲಲ್ಲಿ ಗುಲ್‌ದಾದ್ ಕಾಕಾ ನಿಂತಿದ್ದ, ಒಳಗೆ ಹಿಟ್ಟು ಮೆತ್ತಿದ ಹುಬ್ಬಿನ ಅಜಬ್‌ಗುಲ್. ಕಾಕಾ ಅವನನ್ನು ಕೊಲ್ಲಲೂ ಇಲ್ಲ, ಬಿಡಲೂ ಇಲ್ಲ. ಏನು ಮಾಡುವುದೆಂದು ತೋಚದೆ ಹೊರಗಿನಿಂದ ಅಗುಳಿ ಹಾಕಿ ಕಾಯುತ್ತಿದ್ದ.

"ಕಲ್ಲು ನಿಂತಿದೆ!" ಅಂದೆ.

"ಯಾರು ನಿಲ್ಸಿದ್ರು?"

"ಅನಾ ಕೂತಿದಾಳೆ. ತೋರಬಾಝ್ ಕಾಕಾ ಒಪ್ಪಿದಾರೆ."

ಕಾಕಾ ಬಹಳ ಹೊತ್ತು ಗಡ್ಡ ಕೆರೆದುಕೊಂಡ. ಆಮೇಲೆ ಅಗುಳಿ ತೆಗೆದು, "ಎತ್ಕೊಳೋ ನಿನ್ನ ಹಿಟ್ಟು," ಅಂದ. "ನಮ್ಮತ್ತಿಗೆ ಕೂತಿದಾಳೆ ಅಂದ್ರೆ ಬೇಗ ಹೋಗು. ಅವಳಿಗೆ ಮಂಡಿ ನೋವು."

ನಾನು ಮುಂದೆ, ಕತ್ತೆ ಹೊಡೆದುಕೊಂಡು ಅಜಬ್‌ಗುಲ್ ಹಿಂದೆ. ಕಣಿವೆಬಾಯಿ ತಲುಪಿದಾಗ ಅಣ್ಣ ಅಲ್ಲಿಗೆ ಬಂದಾಗಿತ್ತು. ಅಂಗೈ ಅಂಟಿನಿಂದ ಕಪ್ಪಗಾಗಿ, ತಲೆಗೂದಲಲ್ಲಿ ಸೂಜಿ ಎಲೆ ಸಿಕ್ಕಿಕೊಂಡು, ಗುಳಿಯ ಮುಂದೆ ದಿಗ್ಭ್ರಮೆಯಿಂದ ನಿಂತಿದ್ದ. ಯಾರೋ ಎಲ್ಲ ಹೇಳಿದ್ದರು. ಅವನು ಕೈ ಹಿಂದಕ್ಕೆ ಕಟ್ಟಿಕೊಂಡಿದ್ದ, ಮುಟ್ಟಿಬಿಟ್ಟೇನೆಂಬ ಭಯಕ್ಕೆ.

ತೋರಬಾಝ್ ಮಗನನ್ನು ತಲೆಯಿಂದ ಕಾಲಿನವರೆಗೆ ನೋಡಿದ. "ಹಿಟ್ಟು ನುಣ್ಣಗೆ ಬಂತಾ?" ಅಂದ. ಇಬ್ಬರು ಹುಡುಗರೂ ಕತ್ತೆಗಳನ್ನು ಬದಿಗೆ ಸರಿಸಿಕೊಂಡು ಒಬ್ಬರನ್ನೊಬ್ಬರು ದಾಟಿದರು. ಭುಜಕ್ಕೆ ಭುಜ ತಾಗುವಷ್ಟು ಕಿರಿದಾದ ದಾರಿ ಅದು. ತಾಗಲಿಲ್ಲ.

ಇಬ್ಬರೂ ಕ್ಷೇಮ. ಆದರೂ ಅನಾ ಏಳಲಿಲ್ಲ.

"ಎಲ್ರೂ ಬಂದಾಯ್ತಲ್ಲ, ಇನ್ನೂ ಯಾಕೆ ಕೂತಿದಾರೆ?" ಸುಬೇದಾರ ನನ್ನನ್ನು ಕೇಳಿದ.

ಉತ್ತರ ಕೊಟ್ಟವನು ತೋರಬಾಝ್. "ಕಲ್ಲು ತಾನಾಗಿ ಎದ್ದು ಹೋಗುತ್ತಾ ಸಾಹೇಬ್ರೇ?"

ಸಂಜೆಯ ನಮಾಜಿಗೆ ಸ್ವಲ್ಪ ಮೊದಲು ಲಾರಿ ಬಂತು. ಧೂಳಿನಿಂದ ಹುಬ್ಬು ಗಡ್ಡ ಎಲ್ಲ ಒಂದೇ ಬಣ್ಣವಾದ ಐವರು ಹಿರಿಯರು ಒಬ್ಬರ ಕೈ ಒಬ್ಬರು ಹಿಡಿದು ಇಳಿದರು. ಅವರಲ್ಲಿ ಎಲ್ಲರಿಗಿಂತ ಮುದುಕ ಗುಳಿಯ ಬಳಿ ಬಂದು ಅನಾಳನ್ನು, ತಣ್ಣಗಾದ ಚಹಾವನ್ನು, ಕೆಳಗಿಟ್ಟ ಬಂದೂಕುಗಳನ್ನು ನೋಡಿದ. ಐವರೂ ಸೇರಿ ಹಳ್ಳದಿಂದ ಒಂದು ಬೂದು ಕಲ್ಲು ಹೊತ್ತು ತಂದು ಅನಾಳ ಪಕ್ಕದಲ್ಲೇ ನೆಟ್ಟು, ಮಣ್ಣು ತುಳಿದು, ದುವಾ ಮಾಡಿದರು.

"ಇನ್ನು ಏಳಮ್ಮ," ಅಂದ ಮುದುಕ.

ಅನಾ ಬಾಯಿ ತೆರೆದಳು. ದನಿ ಬರಲಿಲ್ಲ. ನಾನು ನೀರು ಕೊಟ್ಟೆ. ಇಡೀ ತಂಬಿಗೆ ಖಾಲಿ ಮಾಡಿದಳು. ಆಮೇಲೆ ತೋರಬಾಝ್ ಕಡೆ ಬೆರಳು ತೋರಿಸಿದಳು.

"ಹೊಲ ಮೇಯ್ದದ್ದು ನನ್ನೆಮ್ಮೆ ಅಲ್ಲ, ಗುಲ್‌ದಾದಂದು. ರೊಟ್ಟಿ ವಿಷಯ ಅಂದ್ಯಲ್ಲ, ನಿನ್ನ ಬಾಯಲ್ಲಿ ಹಲ್ಲೆಲ್ಲಿದೆ ಮುರಿಯೋಕೆ?"

"ಅದು ನಾನಂದಿದ್ದಲ್ಲ ಅಕ್ಕಾ, ಇವನು."

"ನಿನ್ನ ಮನೆಯೋನೇ ತಾನೇ!"

ತೋರಬಾಝ್ ನಗುತ್ತ ತಲೆ ತಗ್ಗಿಸಿದ. ಹಿರಿಮಗ ಮಣ್ಣಲ್ಲಿ ಮಲಗಿರುವ ಕಡೆಗೆ ಒಮ್ಮೆ ನೋಡಿ, ನಗು ನಿಲ್ಲಿಸಿ, ತನ್ನ ಜನರೊಂದಿಗೆ ಮೇಲಕ್ಕೆ ಹೊರಟುಹೋದ.

ಅನಾಳ ಕಾಲು ಪೂರ್ತಿ ಜೋಮು ಹಿಡಿದಿತ್ತು. ಅಣ್ಣ ಅವಳನ್ನು ಬೆನ್ನಿಗೇರಿಸಿಕೊಂಡ. ನಾನು ಕತ್ತೆಗಳನ್ನು ಹೊಡೆದುಕೊಂಡು ಹಿಂದೆ ನಡೆದೆ. ಮೇಲಿನ ಶಿಖರಗಳಲ್ಲಿ ಬೆಳಕು ಇನ್ನೂ ಇತ್ತು, ಹಿಮ ಇರಲಿಲ್ಲ.

"ಅನಾ," ಅಂದ ಅಣ್ಣ, ಅರ್ಧ ಇಳಿಜಾರಿನಲ್ಲಿ. "ಮೇಲೆ ಇನ್ನೂ ನಾಲ್ಕು ಮರದ ಕಾಯಿ ಕೊಯ್ಯೋದಿದೆ."

"ಹಿಮಕ್ಕೆ ಎಷ್ಟು ದಿನ ಇದೆ?"

"ಮೂವತ್ತು. ಹೆಚ್ಚಂದ್ರೆ ನಲವತ್ತು."

ಅನಾ ಅವನ ಕೂದಲಿನಿಂದ ಒಂದೊಂದೇ ಸೂಜಿ ಎಲೆ ಆರಿಸಿ ಎಸೆಯುತ್ತಿದ್ದಳು. "ನಾಳೆ ಹೋಗು," ಅಂದಳು. "ಆದ್ರೆ ಇವತ್ತು ಬುರುಜಿನಲ್ಲಿ ಮಲಗ್ಬೇಡ. ಅಂಗಳದಲ್ಲಿ ಮಂಚ ಹಾಕ್ಸು, ನನ್ನ ಪಕ್ಕ."